ರಜನೀಶ್‌ಪುರಂ: ಒಂದು ಆಶ್ರಮ ಊರಾಗಲು ಹೊರಟಾಗ ಆಗಿದ್ದೇನು?

ಓಶೋ ಅಥವಾ ರಜನೀಶ್ ಹೆಸರು ಕೇಳದ ಕನ್ನಡ ಓದುಗರು ಕಡಿಮೆ. ಅವರ ಪುಸ್ತಕಗಳು ಕನ್ನಡಕ್ಕೂ ಬಂದಿವೆ. ಅವರ ಮಾತುಗಳು ವಾಟ್ಸ್‌ಆ್ಯಪ್‌ನಲ್ಲಿ ಓಡಾಡುತ್ತಲೇ ಇರುತ್ತವೆ. ಹೀಗಿರುವಾಗ 2018ರಲ್ಲಿ ನೆಟ್‌ಫ್ಲಿಕ್ಸ್‌ನಲ್ಲಿ ‘ವೈಲ್ಡ್ ವೈಲ್ಡ್ ಕಂಟ್ರಿ’ ಎಂಬ ಆರು ಕಂತುಗಳ ಸಾಕ್ಷ್ಯಚಿತ್ರ ಬಂತು. ಅದನ್ನು ನೋಡಿದ ಅನೇಕರು ಮೊದಲ ಬಾರಿಗೆ ಇನ್ನೊಂದು ಕಥೆ ಕೇಳಿದರು. ಅಮೆರಿಕದ ಓರೆಗಾನ್ ರಾಜ್ಯದಲ್ಲಿ ಅವರ ಆಶ್ರಮ ಊರು ಕಟ್ಟಿದ್ದು, ಬಂದೂಕು ಹಿಡಿದ ಸಂನ್ಯಾಸಿಗಳು, ಹೋಟೆಲಿನ ಊಟಕ್ಕೆ ಬ್ಯಾಕ್ಟೀರಿಯಾ ಬೆರೆಸಿ 751 ಜನರನ್ನು ಕಾಯಿಲೆ ಬೀಳಿಸಿದ್ದು. ಇವೆಲ್ಲ ನಿಜಕ್ಕೂ ನಡೆದವು.

ಆದರೆ ಆ ಸರಣಿ ನೋಡುಗರಿಗೆ ಒಂದಷ್ಟು ಹಿನ್ನೆಲೆ ಗೊತ್ತಿದೆ ಎಂದುಕೊಂಡೇ ಮುಂದೆ ಹೋಗುತ್ತದೆ. ಅಮೆರಿಕದ ಜಮೀನು ಕಾನೂನು ಏನು? ‘ಕೌಂಟಿ’ ಅಂದರೇನು? ಧ್ಯಾನ ಮಾಡಲು ಬಂದವರಿಗೆ ಚುನಾವಣೆ ಗೆಲ್ಲುವ ಹಟ ಯಾಕೆ ಬಂತು? ಈ ಪ್ರಶ್ನೆಗಳಿಗೆ ಉತ್ತರ ಸಿಗದಿದ್ದರೆ ಇಡೀ ಕಥೆ ಹುಚ್ಚರ ಜಗಳದ ಹಾಗೆ ಕಾಣುತ್ತದೆ. ಹಿನ್ನೆಲೆ ಗೊತ್ತಿದ್ದರೆ ಒಂದೊಂದು ಹೆಜ್ಜೆಗೂ ಕಾರಣ ಕಾಣುತ್ತದೆ. ಆ ಕಾರಣಗಳಲ್ಲಿ ಧರ್ಮಕ್ಕಿಂತ ಜಮೀನು ಮತ್ತು ಮತದ ಪಾಲೇ ಜಾಸ್ತಿ.

ಯಾರು ಈ ರಜನೀಶ್?

ಹುಟ್ಟಿದ್ದು 1931ರ ಡಿಸೆಂಬರ್ 11ರಂದು, ಮಧ್ಯಪ್ರದೇಶದ ಕುಚ್‌ವಾಡಾ ಎಂಬ ಹಳ್ಳಿಯಲ್ಲಿ. ಜೈನ ಬಟ್ಟೆ ವ್ಯಾಪಾರಿಯ ಮಗ, ಹೆಸರು ಚಂದ್ರಮೋಹನ್ ಜೈನ್. ಸಾಗರ್ ವಿಶ್ವವಿದ್ಯಾಲಯದಲ್ಲಿ ತತ್ವಶಾಸ್ತ್ರ ಎಂಎ ಮಾಡಿ, ಜಬಲ್‌ಪುರದಲ್ಲಿ ಮೇಷ್ಟ್ರಾದರು. 1966ರಲ್ಲಿ ಕೆಲಸ ಬಿಟ್ಟು ‘ಆಚಾರ್ಯ ರಜನೀಶ್’ ಎಂಬ ಹೆಸರಿನಲ್ಲಿ ಊರೂರು ಸುತ್ತಿ ಭಾಷಣ ಮಾಡತೊಡಗಿದರು.

ಅವರು ಮಾತಿನಲ್ಲಿ ಯಾರನ್ನೂ ಬಿಡುತ್ತಿರಲಿಲ್ಲ. ಗಾಂಧಿ, ಸಮಾಜವಾದ, ಪುರೋಹಿತರು, ಸಂಪ್ರದಾಯಸ್ಥ ಧರ್ಮ ಎಲ್ಲವನ್ನೂ ಟೀಕಿಸಿದರು. 1968ರಲ್ಲಿ ಮುಂಬೈಯಲ್ಲಿ ಲೈಂಗಿಕತೆಯ ಬಗ್ಗೆ ಮುಕ್ತವಾಗಿ ಮಾತಾಡಿದ್ದಕ್ಕೆ ಪತ್ರಿಕೆಗಳು ‘ಸೆಕ್ಸ್ ಗುರು’ ಎಂದು ಹೆಸರಿಟ್ಟವು. ಆ ಹೆಸರು ಕೊನೆಯವರೆಗೂ ಬಿಡಲಿಲ್ಲ.

1970ರಲ್ಲಿ ಅವರು ‘ನವಸಂನ್ಯಾಸ’ ಶುರುಮಾಡಿದರು. ನಮಗೆ ಗೊತ್ತಿರುವ ಸಂನ್ಯಾಸದಲ್ಲಿ ಮನೆ, ಮದುವೆ, ಆಸ್ತಿ ಬಿಡಬೇಕು. ಇಲ್ಲಿ ಏನನ್ನೂ ಬಿಡಬೇಕಿರಲಿಲ್ಲ. ಕೇಸರಿ ಬಣ್ಣದ ಬಟ್ಟೆ, ಗುರುವಿನ ಫೋಟೋ ಇರುವ 108 ಮಣಿಗಳ ಮಾಲೆ, ಹೊಸ ಹೆಸರು, ದಿನಕ್ಕೊಂದಿಷ್ಟು ಧ್ಯಾನ, ಇಷ್ಟೇ. ಗಂಡಸರಿಗೆ ‘ಸ್ವಾಮಿ’, ಹೆಂಗಸರಿಗೆ ‘ಮಾ’ ಎಂದು ಹೆಸರಿಗೆ ಸೇರುತ್ತಿತ್ತು. ಸರಣಿಯಲ್ಲಿ ಅಮೆರಿಕದ ವಕೀಲರೊಬ್ಬರನ್ನು ‘ಸ್ವಾಮಿ ಪ್ರೇಮ್ ನಿರೇನ್’ ಎಂದು ಕರೆಯುವುದು ಇದೇ ಕಾರಣಕ್ಕೆ. 1971ರಲ್ಲಿ ಗುರುವೂ ತಮ್ಮ ಹೆಸರನ್ನು ‘ಭಗವಾನ್ ಶ್ರೀ ರಜನೀಶ್’ ಎಂದು ಬದಲಿಸಿಕೊಂಡರು. ಓಶೋ ಎಂಬ ಹೆಸರು ಬಂದಿದ್ದು ಬಹಳ ತಡವಾಗಿ, 1989ರಲ್ಲಿ. ಹಾಗಾಗಿ ಓರೆಗಾನ್ ಕಥೆಯಲ್ಲಿ ಎಲ್ಲೂ ಓಶೋ ಇಲ್ಲ, ಭಗವಾನ್ ಮಾತ್ರ.

ಪಶ್ಚಿಮದವರು ಪುಣೆಗೆ ಯಾಕೆ ಬಂದರು?

1974ರಲ್ಲಿ ಪುಣೆಯ ಕೋರೆಗಾಂವ್ ಪಾರ್ಕ್‌ನಲ್ಲಿ ಆಶ್ರಮ ಶುರುವಾಯಿತು. ಕೆಲವೇ ವರ್ಷಗಳಲ್ಲಿ ಅಲ್ಲಿ ಅಮೆರಿಕ, ಜರ್ಮನಿ, ಬ್ರಿಟನ್, ಆಸ್ಟ್ರೇಲಿಯಾದವರು ತುಂಬಿಕೊಂಡರು.

ಇದಕ್ಕೆ ಆ ಕಾಲದ ಗಾಳಿಯೂ ಕಾರಣ. 1960ರ ದಶಕದಲ್ಲಿ ಅಮೆರಿಕದ ಯುವಜನ ತಮ್ಮ ಹಿರಿಯರ ಬದುಕಿನ ರೀತಿಯನ್ನೇ ಪ್ರಶ್ನಿಸತೊಡಗಿದ್ದರು. ವಿಯೆಟ್ನಾಂ ಯುದ್ಧ, ಚರ್ಚಿನ ಕಟ್ಟುಪಾಡು, ಆಫೀಸು–ಮನೆ–ಸಾಲದ ಬದುಕು, ಯಾವುದೂ ಅವರಿಗೆ ಬೇಡವಾಗಿತ್ತು. ಈ ಒಟ್ಟು ಅಲೆಯನ್ನು ಪ್ರತಿಸಂಸ್ಕೃತಿ ಎಂದು ಕರೆಯುತ್ತಾರೆ. ಅದೇ ಹೊತ್ತಿಗೆ ಕ್ಯಾಲಿಫೋರ್ನಿಯಾದ ಎಸಲೆನ್‌ನಂಥ ಕೇಂದ್ರಗಳಲ್ಲಿ ಹೊಸ ಬಗೆಯ ಮನೋಚಿಕಿತ್ಸೆ ನಡೆಯುತ್ತಿತ್ತು. ಒಳಗೆ ಅದುಮಿಟ್ಟ ಸಿಟ್ಟು, ದುಃಖ, ಆಸೆಗಳನ್ನು ಗುಂಪಿನ ಮುಂದೆ ಹೊರಹಾಕಬೇಕು, ಆಗ ಮನಸ್ಸು ಹಗುರಾಗುತ್ತದೆ ಎಂಬುದು ಅದರ ನಂಬಿಕೆ. ರಜನೀಶರು ಆ ಚಿಕಿತ್ಸೆಯನ್ನೂ ಭಾರತದ ಧ್ಯಾನವನ್ನೂ ಒಂದೇ ಕಡೆ ತಂದರು.

ಅವರ ‘ಡೈನಾಮಿಕ್ ಧ್ಯಾನ’ವನ್ನೇ ನೋಡಿ. ಒಟ್ಟು ಒಂದು ಗಂಟೆ. ಮೊದಲು ಜೋರಾದ, ಲಯವಿಲ್ಲದ ಉಸಿರಾಟ. ಆಮೇಲೆ ಕೂಗು, ಅಳು, ನಗು, ಏನು ಬಂದರೆ ಅದು. ನಂತರ ಕೈಯೆತ್ತಿ ‘ಹೂ, ಹೂ’ ಎನ್ನುತ್ತಾ ಕುಣಿತ. ಇದ್ದಕ್ಕಿದ್ದಂತೆ ನಿಂತಲ್ಲೇ ಕಲ್ಲಾಗಬೇಕು. ಕೊನೆಗೆ ನೃತ್ಯ. ಇವತ್ತಿನ ನಗರದ ಮನಸ್ಸು ಕಣ್ಣುಮುಚ್ಚಿ ಸುಮ್ನೆ ಕೂತರೆ ಶಾಂತವಾಗುವುದಿಲ್ಲ, ಮೊದಲು ಒಳಗಿನ ಗದ್ದಲ ಹೊರಬರಬೇಕು ಎಂಬುದು ಅವರ ವಾದ.

ಆಶ್ರಮದ ಗುಂಪು ಚಿಕಿತ್ಸೆಗಳು ಇದಕ್ಕಿಂತ ತುಂಬ ಮುಂದೆ ಹೋದವು. ಮುಚ್ಚಿದ ಕೋಣೆಗಳಲ್ಲಿ ಹೊಡೆದಾಟಗಳಾದವು, ಗಾಯಗಳಾದವು. ಆ ಬಗ್ಗೆ ವಿದೇಶಿ ಪತ್ರಿಕೆಗಳಲ್ಲಿ ವರದಿಗಳು ಬಂದವು. 1979ರ ಆರಂಭದಲ್ಲಿ ಗುಂಪುಗಳಲ್ಲಿ ಹಿಂಸೆ ನಿಲ್ಲಿಸಿದ್ದೇವೆ ಎಂದು ಆಶ್ರಮವೇ ಹೇಳಬೇಕಾಯಿತು.

ಇಲ್ಲಿ ಒಂದು ವಿಷಯ ನೆನಪಿಡಬೇಕು. ಬಂದವರೆಲ್ಲ ಓದು ಬಿಟ್ಟು ಅಲೆಯುತ್ತಿದ್ದ ಹಿಪ್ಪಿಗಳಾಗಿರಲಿಲ್ಲ. ವಕೀಲರು, ವೈದ್ಯರು, ಎಂಜಿನಿಯರ್‌ಗಳು, ಮನಶ್ಶಾಸ್ತ್ರಜ್ಞರು, ಹಣವಂತರು ಬಹಳಷ್ಟಿದ್ದರು. ಹಿಂದಿ ಸಿನಿಮಾದ ತಾರೆ ವಿನೋದ್ ಖನ್ನಾ ಕೂಡ ವೃತ್ತಿಯ ಉತ್ತುಂಗದಲ್ಲಿ ಎಲ್ಲ ಬಿಟ್ಟು ಶಿಷ್ಯರಾದರು, ಓರೆಗಾನ್‌ನಲ್ಲಿ ತೋಟದ ಕೆಲಸ ಮಾಡಿದರು. ಬಂಜರು ಗುಡ್ಡದಲ್ಲಿ ಅಷ್ಟು ಬೇಗ ಊರೊಂದು ಎದ್ದುನಿಂತಿದ್ದಕ್ಕೆ ಇಂಥವರ ವಿದ್ಯೆ, ಹಣ ಮತ್ತು ಸಂಬಳವಿಲ್ಲದ ದುಡಿಮೆ ಕಾರಣ.

ಭಾರತ ಬಿಟ್ಟಿದ್ದು

1977ರಲ್ಲಿ ಮೊರಾರ್ಜಿ ದೇಸಾಯಿ ಸರ್ಕಾರ ಬಂತು. ಆಶ್ರಮಕ್ಕಿದ್ದ ತೆರಿಗೆ ವಿನಾಯಿತಿ ರದ್ದಾಯಿತು, ಹಿಂದಿನ ವರ್ಷಗಳ ತೆರಿಗೆಯನ್ನೂ ಕೇಳಲಾಯಿತು. ಪುಣೆ ಆಶ್ರಮಕ್ಕೆಂದೇ ಬರುವ ವಿದೇಶಿಯರಿಗೆ ವೀಸಾ ಸಿಗುವುದು ಕಷ್ಟವಾಯಿತು. ಗುಜರಾತಿನ ಕಚ್‌ನಲ್ಲಿ ದೊಡ್ಡ ಜಮೀನು ಮಾಡುವ ಯೋಜನೆ ಕೈಗೂಡಲಿಲ್ಲ. 1980ರ ಮೇ ತಿಂಗಳಲ್ಲಿ ಪ್ರವಚನದ ನಡುವೆಯೇ ಒಬ್ಬ ವ್ಯಕ್ತಿ ರಜನೀಶರ ಕಡೆಗೆ ಚಾಕು ಎಸೆದ.

ಅಷ್ಟರಲ್ಲಿ ಆಶ್ರಮದ ಆಡಳಿತ ಮಾ ಆನಂದ್ ಶೀಲಾ ಕೈಗೆ ಬರುತ್ತಿತ್ತು. ಬರೋಡಾದಲ್ಲಿ ಹುಟ್ಟಿ, ಅಮೆರಿಕದ ನ್ಯೂಜೆರ್ಸಿಯಲ್ಲಿ ಓದಿದ ಶೀಲಾಗೆ ಆಗ ಮೂವತ್ತರ ಆಸುಪಾಸು. 1981ರ ಜೂನ್ 1ರಂದು ರಜನೀಶರು ಅಮೆರಿಕಕ್ಕೆ ಹಾರಿದರು. ವೀಸಾ ಕೊಟ್ಟಿದ್ದು ಬೆನ್ನುನೋವಿನ ಚಿಕಿತ್ಸೆಗೆಂದು. ಈ ವೀಸಾ ಮುಂದೆ ದೊಡ್ಡ ಪ್ರಶ್ನೆಯಾಗುತ್ತದೆ.

ಜಗಳದ ಬೇರು: ಕೃಷಿ ಜಮೀನು

1981ರ ಬೇಸಿಗೆಯಲ್ಲಿ ಶೀಲಾ ಓರೆಗಾನ್‌ನಲ್ಲಿ ‘ಬಿಗ್ ಮಡ್ಡಿ ರಾಂಚ್’ ಎಂಬ ದನದ ಫಾರ್ಮು ಕೊಂಡರು. ವಿಸ್ತೀರ್ಣ 64,229 ಎಕರೆ. ಅಂದರೆ ಸುಮಾರು 260 ಚದರ ಕಿಲೋಮೀಟರ್. ಬೆಲೆ 57.5 ಲಕ್ಷ ಡಾಲರ್. ದನ ಮೇಯಿಸಿ ಮೇಯಿಸಿ ಸವೆದುಹೋಗಿದ್ದ ಒಣ ನೆಲ ಅದು. ಆ ರಾಂಚ್‌ನ ಬಹುಭಾಗ ವಾಸ್ಕೋ ಕೌಂಟಿಗೆ ಸೇರಿತ್ತು.

ಕೌಂಟಿ ಎಂದರೆ ರಾಜ್ಯದೊಳಗಿನ ಆಡಳಿತ ಘಟಕ, ಹೆಚ್ಚುಕಡಿಮೆ ಜಿಲ್ಲೆ. ಅದನ್ನು ನಡೆಸುವವರು ಚುನಾಯಿತ ಕಮಿಷನರ್‌ಗಳು. ವಾಸ್ಕೋದಲ್ಲಿ ಅಂಥವರು ಮೂವರೇ. ಮನೆ ಕಟ್ಟಲು ಅನುಮತಿ, ಹೊಸ ಊರಿಗೆ ಒಪ್ಪಿಗೆ, ರಸ್ತೆ, ಮತದಾರರ ಪಟ್ಟಿ ಎಲ್ಲ ಕೌಂಟಿಯ ಕೈಯಲ್ಲಿ.

ಇನ್ನು ಓರೆಗಾನ್‌ನ ಜಮೀನು ಕಾನೂನು. 1973ರಲ್ಲಿ ಆ ರಾಜ್ಯ ಇಡೀ ಅಮೆರಿಕದಲ್ಲೇ ಬಿಗಿಯಾದ ಕಾಯ್ದೆಯೊಂದನ್ನು ತಂದಿತ್ತು. ಹೊಲಗದ್ದೆಗಳನ್ನು ಬಡಾವಣೆಗಳು ನುಂಗದಂತೆ ತಡೆಯುವುದು ಅದರ ಉದ್ದೇಶ. ಕೃಷಿಗೆಂದು ಗುರುತಿಸಿದ ನೆಲದಲ್ಲಿ ಕೃಷಿಗೆ ಬೇಕಾದ ಕಟ್ಟಡಗಳಷ್ಟೇ ಬರಬೇಕು. ನಮ್ಮಲ್ಲಿ ಹೊಲ ಕೊಂಡವರು ಭೂ ಪರಿವರ್ತನೆ ಮಾಡಿಸದೆ ಅಲ್ಲಿ ಲೇಔಟ್ ಹಾಕುವಂತಿಲ್ಲ ಅಲ್ವಾ? ಹಾಗೆಯೇ ಅಲ್ಲೂ. ಒಂದೇ ವ್ಯತ್ಯಾಸ, ಅಲ್ಲಿ ಈ ಕಾಯ್ದೆ ಪಾಲನೆಯಾಗುತ್ತಿದೆಯೇ ಎಂದು ಕಾಯಲೆಂದೇ ‘1000 ಫ್ರೆಂಡ್ಸ್ ಆಫ್ ಓರೆಗಾನ್’ ಎಂಬ ನಾಗರಿಕ ಸಂಘಟನೆ ಇತ್ತು. ಯಾರೇ ಉಲ್ಲಂಘಿಸಲಿ, ಅದು ಕೋರ್ಟಿಗೆ ಹೋಗುತ್ತಿತ್ತು.

ಆಶ್ರಮದವರು ಮೊದಲು ಹೇಳಿದ್ದು ಸಣ್ಣ ಕೃಷಿ ಸಮುದಾಯ ಮಾಡುತ್ತೇವೆ ಎಂದು. ಆದರೆ ಬರುವ ಜನ ಸಾವಿರಗಟ್ಟಲೆ. ಅವರಿಗೆ ಮನೆ, ಆಸ್ಪತ್ರೆ, ಮುದ್ರಣಾಲಯ, ಅಂಗಡಿ, ಹೋಟೆಲು ಬೇಕು. ಕೃಷಿ ಜಮೀನಿನಲ್ಲಿ ಇವಕ್ಕೆ ಅನುಮತಿ ಇಲ್ಲ. ದಾರಿ ಎರಡೇ ಇದ್ದವು. ಒಂದು, ಹತ್ತಿರದ ಊರಿನೊಳಗೆ ಜಾಗ ಹುಡುಕುವುದು. ಇನ್ನೊಂದು, ರಾಂಚ್‌ನ ಒಂದು ಭಾಗವನ್ನೇ ಕಾನೂನುಬದ್ಧ ನಗರ ಮಾಡಿಕೊಳ್ಳುವುದು. ಅವರು ಎರಡನ್ನೂ ಹಿಡಿದರು.

1982ರ ಮೇ ತಿಂಗಳಲ್ಲಿ ಅಲ್ಲಿನ ನಿವಾಸಿಗಳು ಮತ ಹಾಕಿ ‘ರಜನೀಶ್‌ಪುರಂ’ ನಗರ ಸ್ಥಾಪಿಸಿದರು. ನಗರ ಎಂಬ ಮಾನ್ಯತೆ ಸಿಕ್ಕರೆ ಲಾಭ ದೊಡ್ಡದು. ಕಟ್ಟಡ ಅನುಮತಿ ತಾವೇ ಕೊಡಬಹುದು. ಸ್ವಂತ ಪೊಲೀಸ್ ಇಟ್ಟುಕೊಳ್ಳಬಹುದು. ಸರ್ಕಾರದ ಅನುದಾನದಲ್ಲಿ ಪಾಲು ಕೇಳಬಹುದು. ‘ಪೀಸ್ ಫೋರ್ಸ್’ ಎಂಬ ಪೊಲೀಸ್ ಪಡೆ ಬಂತು. ಅಣೆಕಟ್ಟು, ಕೆರೆ, ಬಸ್ಸುಗಳು, ವಿಮಾನ ಇಳಿದಾಣ, ಮಾಲ್, ಸಾವಿರಾರು ಜನ ಕೂರುವ ಸಭಾಂಗಣ ಎಲ್ಲ ಬಂದವು. ಒಣಗಿದ ಹೊಳೆದಂಡೆಗಳಲ್ಲಿ ಮತ್ತೆ ಗಿಡ ಬೆಳೆಸಿದ್ದು, ನೀರನ್ನು ಮರುಬಳಕೆ ಮಾಡಿದ್ದು ನಿಜಕ್ಕೂ ಮೆಚ್ಚಬೇಕಾದ ಕೆಲಸ. ಅವರ ವಿರೋಧಿಗಳಲ್ಲೂ ಹಲವರು ಇದನ್ನು ಒಪ್ಪಿದ್ದಾರೆ.

ರಾಜ್ಯದ ಅಟಾರ್ನಿ ಜನರಲ್ ಡೇವ್ ಫ್ರೋನ್‌ಮೇಯರ್ 1983ರಲ್ಲಿ ಬೇರೆಯದೇ ಪ್ರಶ್ನೆ ಎತ್ತಿದರು. ಅಮೆರಿಕದ ಸಂವಿಧಾನದ ಪ್ರಕಾರ ಸರ್ಕಾರ ಯಾವ ಧರ್ಮವನ್ನೂ ಪೋಷಿಸುವಂತಿಲ್ಲ. ಈ ನಗರದ ಪ್ರತಿ ಅಡಿ ನೆಲವೂ ಒಂದು ಧಾರ್ಮಿಕ ಸಂಸ್ಥೆಯ ಹಿಡಿತದಲ್ಲಿದೆ, ಅದರ ಒಪ್ಪಿಗೆ ಇಲ್ಲದೆ ಯಾರೂ ಅಲ್ಲಿ ವಾಸಿಸುವಂತಿಲ್ಲ. ಅಂದ ಮೇಲೆ ಆ ನಗರಕ್ಕೆ ಕೊಡುವ ಸರ್ಕಾರಿ ಹಣ ಧರ್ಮಕ್ಕೆ ಕೊಟ್ಟ ಹಣವೇ ಎಂಬುದು ಅವರ ವಾದ. ಆಶ್ರಮದ ವಕೀಲರ ಉತ್ತರವೂ ಬಲವಾಗಿಯೇ ಇತ್ತು. ಬೇರೆ ಧರ್ಮದವರೇ ತುಂಬಿರುವ ಊರುಗಳಿಗೆ ಇಲ್ಲದ ನಿಯಮ ನಮಗೆ ಮಾತ್ರ ಯಾಕೆ ಎಂದು ಅವರು ಕೇಳಿದರು. 1985ರ ಕೊನೆಯಲ್ಲಿ ಫೆಡರಲ್ ನ್ಯಾಯಾಧೀಶರು ರಾಜ್ಯದ ಪರವಾಗಿ ತೀರ್ಪು ಕೊಟ್ಟರು. ಅಷ್ಟು ಹೊತ್ತಿಗೆ ಊರೇ ಖಾಲಿಯಾಗುತ್ತಿತ್ತು.

ಆಂಟೆಲೋಪ್‌ನ ನಲವತ್ತು ಜನ

ರಾಂಚ್‌ನಿಂದ ಸುಮಾರು 30 ಕಿಲೋಮೀಟರ್ ದೂರದಲ್ಲಿ ಆಂಟೆಲೋಪ್ ಎಂಬ ಪುಟ್ಟ ಊರು. ಜನಸಂಖ್ಯೆ ನಲವತ್ತರ ಆಸುಪಾಸು, ಹೆಚ್ಚಿನವರು ನಿವೃತ್ತರು. ಒಂದು ಕೆಫೆ, ಒಂದು ಶಾಲೆ, ಒಂದು ಚರ್ಚು. ಅಷ್ಟು ಸಣ್ಣದಾದರೂ ಅದಕ್ಕೆ ಸ್ವಂತ ನಗರ ಮಂಡಳಿ ಇತ್ತು. ರಾಂಚ್‌ನಲ್ಲಿ ಸಿಗದ ವಾಣಿಜ್ಯ ಅನುಮತಿ ಇಲ್ಲಿ ಸಿಗಬಹುದು ಎಂದು ಆಶ್ರಮದವರು ಇಲ್ಲಿ ಆಸ್ತಿ ಕೊಳ್ಳತೊಡಗಿದರು. ಮುದ್ರಣಾಲಯಕ್ಕೆ ಅರ್ಜಿ ಹಾಕಿದರು. ಮಂಡಳಿ ಕೊಡಲಿಲ್ಲ.

ಊರಿನವರ ಹೆದರಿಕೆಯನ್ನು ಬರೀ ಸಂಕುಚಿತ ಬುದ್ಧಿ ಎಂದು ತಳ್ಳಿಹಾಕಬಾರದು. ಕೇವಲ ಮೂರು ವರ್ಷಗಳ ಹಿಂದೆ, 1978ರ ನವೆಂಬರ್‌ನಲ್ಲಿ, ಗಯಾನಾದ ಜೋನ್ಸ್‌ಟೌನ್‌ನಲ್ಲಿ ಜಿಮ್ ಜೋನ್ಸ್ ಎಂಬ ಧಾರ್ಮಿಕ ನಾಯಕನ 900ಕ್ಕೂ ಹೆಚ್ಚು ಅಮೆರಿಕನ್ ಹಿಂಬಾಲಕರು ಸತ್ತಿದ್ದರು. ಬಹುತೇಕರು ಸಯನೈಡ್ ಕುಡಿದು. ಒಬ್ಬ ಗುರು, ದೂರದ ಜಮೀನು, ಒಂದೇ ಬಣ್ಣದ ಬಟ್ಟೆಯ ಸಾವಿರಾರು ಜನ ಎಂದ ಕೂಡಲೇ ಅವರಿಗೆ ನೆನಪಾಗಿದ್ದು ಅದು. ಜೊತೆಗೆ ಜನಾಂಗೀಯ ದ್ವೇಷವೂ ಇತ್ತು. ‘ವಾಪಸ್ ಹೋಗಿ’ ಎಂಬ ಫಲಕಗಳು, ಬೆದರಿಕೆಗಳು, ಗುರುವಿನ ಚಿತ್ರಕ್ಕೆ ಬಂದೂಕಿನ ಗುರಿ ಇಟ್ಟ ಪೋಸ್ಟರ್‌ಗಳು, ಇವನ್ನೂ ಸರಣಿಯಲ್ಲಿ ನೋಡಬಹುದು.

ನಲವತ್ತು ಜನರ ಊರಿನಲ್ಲಿ ಬಹುಮತ ಬದಲಾಗಲು ಹೆಚ್ಚು ಮಂದಿ ಬೇಕಿಲ್ಲ. ಸಂನ್ಯಾಸಿಗಳು ಬಂದು ಮನೆ ಮಾಡಿದರು, ಮತದಾರರಾದರು. ಊರನ್ನು ಉಳಿಸಿಕೊಳ್ಳಲು ಹಳಬರು 1982ರ ಏಪ್ರಿಲ್‌ನಲ್ಲಿ ತಮ್ಮ ನಗರ ಮಂಡಳಿಯನ್ನೇ ವಿಸರ್ಜಿಸಲು ಮತ ಹಾಕಿದರು. ಸೋತರು. ಅದೇ ನವೆಂಬರ್‌ನಲ್ಲಿ ಮಂಡಳಿ ಆಶ್ರಮದ ಪಾಲಾಯಿತು. ಶಾಲೆಯೂ ಅವರ ಕೈಗೆ ಹೋಯಿತು. 1984ರಲ್ಲಿ ಊರಿನ ಹೆಸರೇ ‘ರಜನೀಶ್’ ಎಂದಾಯಿತು. ಇದರಲ್ಲಿ ಕಾನೂನು ಮುರಿದ ಹೆಜ್ಜೆ ಹುಡುಕುವುದು ಕಷ್ಟ. ಆದರೆ ಇಡೀ ಜೀವನ ಅಲ್ಲೇ ಕಳೆದ ವೃದ್ಧರಿಗೆ ತಮ್ಮ ಊರಿನಲ್ಲಿ ತಾವೇ ಪರಕೀಯರಾಗಿದ್ದು ಹೇಗನಿಸಿರಬಹುದು ಎಂದು ಅವರ ಮುಖ ನೋಡಿದರೆ ಗೊತ್ತಾಗುತ್ತದೆ.

1983ರ ಜುಲೈನಲ್ಲಿ ಪೋರ್ಟ್‌ಲ್ಯಾಂಡ್ ನಗರದಲ್ಲಿ ಆಶ್ರಮದ ಹೋಟೆಲಿನಲ್ಲಿ ಬಾಂಬ್ ಸಿಡಿಯಿತು. ಮಾಡಿದವನಿಗೂ ಆಂಟೆಲೋಪ್‌ಗೂ ಸಂಬಂಧವಿರಲಿಲ್ಲ. ಆದರೆ ಆ ಘಟನೆಯ ಬಳಿಕ ರಜನೀಶ್‌ಪುರಂನಲ್ಲಿ ಬಂದೂಕುಗಳ ಸಂಖ್ಯೆ ಏರಿತು. ಗುರುವಿನ ಕಾರಿನ ಪಕ್ಕ ರೈಫಲ್ ಹಿಡಿದ ಕಾವಲುಗಾರರು ನಡೆಯತೊಡಗಿದರು. ಆ ಕಾರುಗಳೂ ಒಂದೆರಡಲ್ಲ, ಒಟ್ಟು 93 ರೋಲ್ಸ್ ರಾಯ್ಸ್.

ಈ ಎಲ್ಲ ಕಾಲದಲ್ಲಿ ರಜನೀಶರು ಮೌನದಲ್ಲಿದ್ದರು ಎಂಬುದನ್ನು ಮರೆಯಬಾರದು. 1981ರಿಂದ 1984ರ ಶರತ್ಕಾಲದವರೆಗೆ ಅವರು ಸಾರ್ವಜನಿಕವಾಗಿ ಮಾತಾಡಲಿಲ್ಲ. ದಿನವೂ ಶೀಲಾ ಜೊತೆ ಮಾತ್ರ ಮಾತುಕತೆ. ಗುರುವಿನ ಆಜ್ಞೆ ಯಾವುದು, ಶೀಲಾ ನಿರ್ಧಾರ ಯಾವುದು ಎಂದು ತಿಳಿಯುವ ದಾರಿ ಶಿಷ್ಯರಿಗೆ ಇರಲಿಲ್ಲ.

ಒಂದು ಚುನಾವಣೆಗಾಗಿ ವಿಷ

ಕಥೆ ಅಪರಾಧಕ್ಕೆ ತಿರುಗಿದ್ದು 1984ರಲ್ಲಿ. ಆ ನವೆಂಬರ್‌ನಲ್ಲಿ ವಾಸ್ಕೋ ಕೌಂಟಿಯ ಮೂರು ಸ್ಥಾನಗಳಲ್ಲಿ ಎರಡಕ್ಕೆ ಚುನಾವಣೆ ಇತ್ತು. ಆ ಎರಡು ಗೆದ್ದರೆ ಕೌಂಟಿಯೇ ಕೈಗೆ ಬರುತ್ತದೆ, ಜಮೀನಿನ ತಕರಾರು ಮುಗಿಯುತ್ತದೆ. ಆದರೆ ಕೌಂಟಿಯ ಜನಸಂಖ್ಯೆ ಸುಮಾರು 21,000. ಆಶ್ರಮದ ಮತಗಳು ಸಾಕಾಗುವುದಿಲ್ಲ.

ಆಗ ಶೀಲಾ ತಂಡ ಎರಡು ಕೆಲಸ ಮಾಡಿತು. ಒಂದು, ತಮ್ಮ ಮತ ಹೆಚ್ಚಿಸುವುದು. ‘ಶೇರ್ ಎ ಹೋಮ್’ ಎಂಬ ಹೆಸರಿನಲ್ಲಿ ಅಮೆರಿಕದ ದೊಡ್ಡ ನಗರಗಳ ಬೀದಿಗಳಿಂದ ಮನೆಯಿಲ್ಲದ ಸಾವಿರಾರು ಜನರನ್ನು ಬಸ್ಸುಗಳಲ್ಲಿ ಕರೆತಂದರು. ಊಟ, ಬಟ್ಟೆ, ವಸತಿ, ಬಿಯರ್ ಎಲ್ಲ ಉಚಿತ. ಇಪ್ಪತ್ತು ದಿನ ಅಲ್ಲಿ ವಾಸವಿದ್ದರೆ ಓರೆಗಾನ್‌ನಲ್ಲಿ ಮತ ಹಾಕಬಹುದಿತ್ತು. ಹೀಗೆ ಬಂದವರಲ್ಲಿ ಅನೇಕರು ವಿಯೆಟ್ನಾಂ ಯುದ್ಧದಿಂದ ಮರಳಿದ ಸೈನಿಕರು, ಕೆಲವರಿಗೆ ಮಾನಸಿಕ ಕಾಯಿಲೆ ಇತ್ತು. ಅವರನ್ನು ತಣ್ಣಗಿಡಲು ಬಿಯರ್‌ನಲ್ಲಿ ಮಂಕು ಹಿಡಿಸುವ ಔಷಧ ಬೆರೆಸಿದ್ದು ಆಮೇಲೆ ಬಯಲಾಯಿತು. ಅವರ ಒಪ್ಪಿಗೆಯನ್ನು ಯಾರೂ ಕೇಳಿರಲಿಲ್ಲ. ನನಗೆ ಈ ಇಡೀ ಕಥೆಯಲ್ಲಿ ಅತ್ಯಂತ ನೋವು ತರುವ ಭಾಗ ಇದು.

ಎರಡನೆಯದು, ಎದುರಾಳಿಗಳ ಮತ ಕಡಿಮೆ ಮಾಡುವುದು. ಅದಕ್ಕೆ ಬಳಸಿದ್ದು ಸಾಲ್ಮೊನೆಲ್ಲಾ. ಕೆಟ್ಟ ಮೊಟ್ಟೆ, ಸರಿಯಾಗಿ ಬೇಯದ ಕೋಳಿಯಿಂದ ಸಾಮಾನ್ಯವಾಗಿ ಹರಡುವ ಬ್ಯಾಕ್ಟೀರಿಯಾ ಅದು. ಹೊಟ್ಟೆ ಸೇರಿದರೆ ಜ್ವರ, ವಾಂತಿ, ಭೇದಿ. ಆರೋಗ್ಯವಂತರು ಕೆಲವು ದಿನ ಹಾಸಿಗೆ ಹಿಡಿಯುತ್ತಾರೆ. ಮಕ್ಕಳು, ವೃದ್ಧರಿಗೆ ಪ್ರಾಣಾಪಾಯವೂ ಆಗಬಹುದು. ಮತದಾನದ ದಿನ ಜನ ಮನೆಯಿಂದ ಹೊರಬರಲಾಗದಂತೆ ಮಾಡುವುದು ಉದ್ದೇಶ. ಆಶ್ರಮದ ವೈದ್ಯಕೀಯ ವಿಭಾಗ ನೋಡಿಕೊಳ್ಳುತ್ತಿದ್ದ ನರ್ಸ್ ಮಾ ಆನಂದ್ ಪೂಜಾ ಪ್ರಯೋಗಾಲಯದಲ್ಲಿ ಇದರ ತಯಾರಿ ನಡೆಸಿದಳು.

1984ರ ಆಗಸ್ಟ್ 29ರಂದು ರಾಂಚ್ ಪರಿಶೀಲನೆಗೆ ಬಂದ ಇಬ್ಬರು ಕೌಂಟಿ ಕಮಿಷನರ್‌ಗಳಿಗೆ ಕುಡಿಯಲು ಕೊಟ್ಟ ನೀರಿನಲ್ಲೇ ಅದು ಇತ್ತು. ಇಬ್ಬರೂ ಕಾಯಿಲೆ ಬಿದ್ದರು, ಒಬ್ಬರ ಸ್ಥಿತಿ ಗಂಭೀರವಾಯಿತು. ನಂತರ ಸೆಪ್ಟೆಂಬರ್ ಮತ್ತು ಅಕ್ಟೋಬರ್‌ನಲ್ಲಿ ಕೌಂಟಿಯ ಮುಖ್ಯ ಪಟ್ಟಣ ‘ದ ಡ್ಯಾಲ್ಸ್’ನ ಹತ್ತು ಹೋಟೆಲುಗಳ ಸಲಾಡ್ ಬಾರ್‌ಗಳಲ್ಲಿ ಬ್ಯಾಕ್ಟೀರಿಯಾ ಬೆರೆಸಿದರು. ಸಲಾಡ್ ಬಾರ್ ಎಂದರೆ ಗಿರಾಕಿಗಳು ತಾವೇ ಬಡಿಸಿಕೊಳ್ಳುವ ಹಸಿ ತರಕಾರಿಯ ಸಾಲು. ಯಾರು ಬೇಕಾದರೂ ಹತ್ತಿರ ಹೋಗಬಹುದು. ಬೇಯಿಸುವುದಿಲ್ಲವಾದ್ದರಿಂದ ಬ್ಯಾಕ್ಟೀರಿಯಾ ಸಾಯುವುದೂ ಇಲ್ಲ.

ಒಟ್ಟು 751 ಜನರಿಗೆ ಸೋಂಕು ತಗುಲಿತು. 45 ಮಂದಿ ಆಸ್ಪತ್ರೆ ಸೇರಿದರು. ಪಟ್ಟಣದ ಒಂದೇ ಆಸ್ಪತ್ರೆ ತುಂಬಿಹೋಯಿತು. ಅದೃಷ್ಟಕ್ಕೆ ಯಾರೂ ಸಾಯಲಿಲ್ಲ. ಇದು ಅಮೆರಿಕದ ಇತಿಹಾಸದ ಅತಿ ದೊಡ್ಡ ಜೈವಿಕ ಭಯೋತ್ಪಾದನೆಯ ಪ್ರಕರಣ. ಆದರೆ ಆಗ ಅದು ಯಾರಿಗೂ ಗೊತ್ತಾಗಲಿಲ್ಲ. ಅಡುಗೆಯವರು ಕೈ ಸರಿಯಾಗಿ ತೊಳೆದಿಲ್ಲ ಎಂದು ಆರೋಗ್ಯ ಅಧಿಕಾರಿಗಳು ತೀರ್ಮಾನಿಸಿದರು. ಬೇಕೆಂದೇ ಯಾರಾದರೂ ಹೀಗೆ ಮಾಡುತ್ತಾರೆ ಎಂದು ಅವರು ಊಹಿಸಿರಲಿಲ್ಲ. ಓರೆಗಾನ್‌ನ ಸಂಸದ ಜೇಮ್ಸ್ ವೀವರ್ ಮಾತ್ರ 1985ರ ಫೆಬ್ರವರಿಯಲ್ಲಿ ಸಂಸತ್ತಿನಲ್ಲೇ ಆಶ್ರಮದ ಮೇಲೆ ಅನುಮಾನ ವ್ಯಕ್ತಪಡಿಸಿದರು. ಅವರದು ಧಾರ್ಮಿಕ ದ್ವೇಷ ಎಂದು ಟೀಕೆ ಬಂತು.

ಚುನಾವಣೆಯ ಯೋಜನೆ ಮುರಿದಿದ್ದು ಬೇರೆ ರೀತಿಯಲ್ಲಿ. ಹೊಸದಾಗಿ ನೋಂದಾಯಿಸುವ ಪ್ರತಿಯೊಬ್ಬ ಮತದಾರನೂ ಖುದ್ದಾಗಿ ಹಾಜರಾಗಿ ಅರ್ಹತೆ ತೋರಿಸಬೇಕು ಎಂದು ಕೌಂಟಿಯ ಕ್ಲರ್ಕ್ ಆದೇಶಿಸಿದರು. ನಿಜವಾದ ಮತದಾರರ ಹಕ್ಕಿಗೂ ಅಡ್ಡಿಯಾಗಬಹುದಾದ ಕ್ರಮ ಅದು, ಆದರೆ ಕೆಲಸ ಮಾಡಿತು. ಆಶ್ರಮ ಹಿಂದೆ ಸರಿಯಿತು. ಬೀದಿಯಿಂದ ಬಂದವರ ಅಗತ್ಯ ಮುಗಿದಿತ್ತು. ಅವರಲ್ಲಿ ಬಹಳ ಜನರನ್ನು ಸುತ್ತಲಿನ ಪಟ್ಟಣಗಳಲ್ಲಿ ಇಳಿಸಿ ಹೋದರು. ಅವರು ತಮ್ಮ ಊರಿಗೆ ಮರಳಲು ಬಸ್ ಚಾರ್ಜು ಕೊಟ್ಟಿದ್ದು ದಾನಸಂಸ್ಥೆಗಳು.

ಒಳಗಿನಿಂದ ಬಿರುಕು

1985ರಲ್ಲಿ ಶೀಲಾ ಮತ್ತು ಗುರುವಿನ ಹೊಸ ಆಪ್ತರ ನಡುವೆ ಪೈಪೋಟಿ ಬೆಳೆಯಿತು. ಜುಲೈ ತಿಂಗಳಲ್ಲಿ ರಜನೀಶರ ವೈದ್ಯ ದೇವರಾಜ್ ಅವರಿಗೆ ಉತ್ಸವದ ನಡುವೆ ವಿಷದ ಚುಚ್ಚುಮದ್ದು ಕೊಟ್ಟು ಕೊಲ್ಲುವ ಯತ್ನ ನಡೆಯಿತು. ಚುಚ್ಚಿದವರು ಆಸ್ಟ್ರೇಲಿಯಾದ ಜೇನ್ ಸ್ಟಾರ್ಕ್. ಸರಣಿಯಲ್ಲಿ ಇವರೇ ಆ ದಿನವನ್ನು ವಿವರಿಸುತ್ತಾರೆ. ಒಬ್ಬ ಸಾಮಾನ್ಯ ತಾಯಿ, ಹೆಜ್ಜೆ ಹೆಜ್ಜೆಯಾಗಿ ಅಲ್ಲಿಗೆ ಹೇಗೆ ಬಂದು ನಿಂತಳು ಎಂದು ಅರ್ಥ ಮಾಡಿಕೊಳ್ಳಲು ಅವರ ಮಾತು ಮುಖ್ಯ. ಅಮೆರಿಕ ಸರ್ಕಾರದ ವಕೀಲ ಚಾರ್ಲ್ಸ್ ಟರ್ನರ್ ಅವರನ್ನು ಕೊಲ್ಲುವ ಸಂಚೂ ಇದೇ ಕಾಲದ್ದು.

ಸೆಪ್ಟೆಂಬರ್ ಮಧ್ಯದಲ್ಲಿ ಶೀಲಾ ತಮ್ಮ ಆಪ್ತರೊಂದಿಗೆ ಯುರೋಪಿಗೆ ಹಾರಿದರು. ಎರಡು ಮೂರು ದಿನಗಳಲ್ಲೇ ರಜನೀಶರು ಪತ್ರಕರ್ತರನ್ನು ಕರೆದು, ವಿಷಪ್ರಾಶನ, ಬೆಂಕಿ ಹಚ್ಚಿದ್ದು, ಕದ್ದಾಲಿಕೆ ಎಲ್ಲವನ್ನೂ ಶೀಲಾ ತಂಡ ಮಾಡಿದೆ, ತನಿಖೆ ಮಾಡಿ ಎಂದರು. ಒಳಬಂದ ತನಿಖಾಧಿಕಾರಿಗಳಿಗೆ ಪ್ರಯೋಗಾಲಯ ಸಿಕ್ಕಿತು. ಅಲ್ಲಿದ್ದ ಬ್ಯಾಕ್ಟೀರಿಯಾ ರೋಗಿಗಳಲ್ಲಿ ಸಿಕ್ಕಿದ್ದಕ್ಕೆ ಹೊಂದಿಕೆಯಾಯಿತು. ಊರಿನೊಳಗೆ ಭಾರೀ ಪ್ರಮಾಣದ ಕದ್ದಾಲಿಕೆ ವ್ಯವಸ್ಥೆಯೂ ಸಿಕ್ಕಿತು. ಗುರುವಿನ ಕೋಣೆಗೇ ಮೈಕ್ ಇಡಲಾಗಿತ್ತು.

ಯಾರಿಗೆ ಏನು ಶಿಕ್ಷೆ?

ಶೀಲಾ ಪಶ್ಚಿಮ ಜರ್ಮನಿಯಲ್ಲಿ ಬಂಧನವಾಗಿ, 1986ರಲ್ಲಿ ಅಮೆರಿಕದ ಕೋರ್ಟಿನಲ್ಲಿ ಕೊಲೆಯತ್ನ, ವಿಷಪ್ರಾಶನ, ಕದ್ದಾಲಿಕೆಯ ತಪ್ಪು ಒಪ್ಪಿಕೊಂಡರು. ದೊಡ್ಡ ಶಿಕ್ಷೆ 20 ವರ್ಷದ್ದು. ಎಲ್ಲ ಶಿಕ್ಷೆಗಳೂ ಒಟ್ಟಿಗೇ ನಡೆಯುವಂತಿದ್ದವು. ಒಳ್ಳೆಯ ನಡತೆಯ ಮೇಲೆ 29 ತಿಂಗಳಲ್ಲಿ ಬಿಡುಗಡೆ. ಆಮೇಲೆ ಸ್ವಿಟ್ಜರ್ಲೆಂಡಿಗೆ ಹೋಗಿ ಅಂಗವಿಕಲರು, ವೃದ್ಧರನ್ನು ನೋಡಿಕೊಳ್ಳುವ ಮನೆಗಳನ್ನು ನಡೆಸತೊಡಗಿದರು.

ರಜನೀಶರ ಮೇಲೆ ವಿಷಪ್ರಾಶನದ ಆರೋಪ ಬರಲಿಲ್ಲ. ಅವರ ಮೇಲಿದ್ದದ್ದು ವಲಸೆ ಕಾನೂನಿನ ಪ್ರಕರಣ: ವಿದೇಶಿ ಶಿಷ್ಯರಿಗೆ ಅಮೆರಿಕದವರ ಜೊತೆ ಸುಳ್ಳು ಮದುವೆ ಮಾಡಿಸಿ ವಾಸದ ಹಕ್ಕು ಕೊಡಿಸಿದ್ದು, ತಮ್ಮ ವೀಸಾ ಅರ್ಜಿಯಲ್ಲಿ ನಿಜವಾದ ಉದ್ದೇಶ ಮುಚ್ಚಿಟ್ಟಿದ್ದು. 1985ರ ಅಕ್ಟೋಬರ್ 28ರಂದು ಉತ್ತರ ಕ್ಯಾರೊಲಿನಾದ ಷಾರ್ಲೆಟ್‌ನಲ್ಲಿ ಅವರ ವಿಮಾನ ಇಳಿದಾಗ ಬಂಧಿಸಿದರು. ನವೆಂಬರ್ 14ರಂದು ಅವರು ಎರಡು ಆರೋಪಗಳಿಗೆ ‘ಆಲ್ಫರ್ಡ್ ಪ್ಲೀ’ ಸಲ್ಲಿಸಿದರು. ನಾನು ತಪ್ಪು ಮಾಡಿಲ್ಲ, ಆದರೆ ನನ್ನ ವಿರುದ್ಧ ಶಿಕ್ಷೆಗೆ ಸಾಕಾಗುವಷ್ಟು ಸಾಕ್ಷ್ಯ ಇದೆ ಎಂದು ಒಪ್ಪುತ್ತೇನೆ ಎನ್ನುವ ವಿಶೇಷ ಬಗೆಯ ಹೇಳಿಕೆ ಅದು. ಹತ್ತು ವರ್ಷದ ಶಿಕ್ಷೆಯನ್ನು ಅಮಾನತಿನಲ್ಲಿಟ್ಟು, 4 ಲಕ್ಷ ಡಾಲರ್ ದಂಡ ಹಾಕಿ, ದೇಶ ಬಿಡುವ ಷರತ್ತಿನ ಮೇಲೆ ಬಿಟ್ಟರು. ಹಲವು ದೇಶಗಳು ಒಳಗೆ ಬಿಡದೆ, 1987ರಲ್ಲಿ ಅವರು ಪುಣೆಗೆ ಮರಳಿದರು. 1990ರ ಜನವರಿ 19ರಂದು ಅಲ್ಲೇ ತೀರಿಕೊಂಡರು.

ಗುರುವಿಗೆ ಎಲ್ಲ ಗೊತ್ತಿತ್ತೇ? ಶಿಷ್ಯರಲ್ಲಿ ಹಲವರು ಇಲ್ಲ ಎನ್ನುತ್ತಾರೆ. ಅಷ್ಟು ಹಿಡಿತವಿದ್ದವರಿಗೆ ತಿಳಿಯದಿರಲು ಸಾಧ್ಯವೇ ಇಲ್ಲ ಎನ್ನುವವರೂ ಇದ್ದಾರೆ. ಕೋರ್ಟಿನಲ್ಲಿ ಈ ಪ್ರಶ್ನೆಯ ವಿಚಾರಣೆ ನಡೆಯಲೇ ಇಲ್ಲ.

ಇತ್ತ ಆಂಟೆಲೋಪ್ 1985ರ ನವೆಂಬರ್‌ನಲ್ಲೇ ಹಳೆಯ ಹೆಸರಿಗೆ ಮರಳಿತು. ರಾಂಚ್ ಕೈ ಬದಲಾಯಿಸಿ, ಈಗ ‘ಯಂಗ್ ಲೈಫ್’ ಎಂಬ ಕ್ರೈಸ್ತ ಯುವ ಸಂಘಟನೆಯ ಶಿಬಿರವಾಗಿದೆ.

ಸರಣಿ ಹೇಳಿದ್ದು, ಬಿಟ್ಟಿದ್ದು

ನಿರ್ದೇಶಕರು ಮ್ಯಾಕ್ಲೇನ್ ವೇ ಮತ್ತು ಚಾಪ್‌ಮನ್ ವೇ ಎಂಬ ಸಹೋದರರು. ಓರೆಗಾನ್‌ನ ಹಳೆಯ ಟಿವಿ ಸುದ್ದಿ ತುಣುಕುಗಳ ದೊಡ್ಡ ಸಂಗ್ರಹ ಅವರಿಗೆ ಸಿಕ್ಕಿತ್ತು. ಅದಕ್ಕೆ ಶೀಲಾ, ನಿರೇನ್, ಜೇನ್ ಸ್ಟಾರ್ಕ್, ಆಂಟೆಲೋಪ್ ನಿವಾಸಿಗಳು, ಸರ್ಕಾರಿ ವಕೀಲರ ಸಂದರ್ಶನ ಸೇರಿಸಿದರು. ನಿರೂಪಕನ ಧ್ವನಿ ಇಲ್ಲ. ಯಾರು ಸರಿ ಎಂದು ಸರಣಿ ತಾನಾಗಿ ಹೇಳುವುದಿಲ್ಲ. 2018ರ ಎಮ್ಮಿ ಪ್ರಶಸ್ತಿ ಅದಕ್ಕೆ ಬಂತು. ಈ ವಿಧಾನದ ಬಲ ದೊಡ್ಡದು, ಎರಡೂ ಕಡೆಯವರ ಸಂಕಟ ನೇರವಾಗಿ ತಟ್ಟುತ್ತದೆ.

ತೊಡಕೂ ಇದೆ. ಚೆನ್ನಾಗಿ ಮಾತಾಡುವವರೇ ಕಥೆಯನ್ನು ಹಿಡಿದುಬಿಡುತ್ತಾರೆ. ಶೀಲಾ ಮಾತಿಗೆ ಎಷ್ಟು ಹರಿತವಿದೆ ಎಂದರೆ, ಸಲಾಡ್ ತಿಂದು ಆಸ್ಪತ್ರೆ ಸೇರಿದವರು ಹಿಂದಕ್ಕೆ ಸರಿದುಹೋಗುತ್ತಾರೆ. ಬಸ್ಸಿನಲ್ಲಿ ಬಂದ ಮನೆಯಿಲ್ಲದವರ ಪಾಡೂ ಅದೇ. ರಜನೀಶರು ನಿಜವಾಗಿ ಏನು ಬೋಧಿಸಿದರು, ಪುಣೆಯ ಚಿಕಿತ್ಸಾ ಗುಂಪುಗಳಲ್ಲಿ ಏನಾಯಿತು ಎಂಬುದಕ್ಕೆ ಸಿಕ್ಕ ಜಾಗ ಕಡಿಮೆ.

ಎಲ್ಲಕ್ಕಿಂತ ದೊಡ್ಡ ಕೊರತೆ ಮಕ್ಕಳದು. ಪುಣೆಯಲ್ಲೂ ಓರೆಗಾನ್‌ನಲ್ಲೂ ಶಿಷ್ಯರ ಮಕ್ಕಳು ಬೆಳೆದರು. ಬಹಳಷ್ಟು ಮಕ್ಕಳು ತಂದೆತಾಯಿಯಿಂದ ಬೇರೆಯಾಗಿ, ಮಕ್ಕಳದೇ ಮನೆಗಳಲ್ಲಿ ಇರುತ್ತಿದ್ದರು. ಹಾಗೆ ಬೆಳೆದ ಕೆಲವರು ಈಗ ದೊಡ್ಡವರಾಗಿ, ತಮ್ಮ ಮೇಲಾದ ಲೈಂಗಿಕ ದೌರ್ಜನ್ಯದ ಬಗ್ಗೆ ಬಹಿರಂಗವಾಗಿ ಮಾತಾಡುತ್ತಿದ್ದಾರೆ. ಸರಣಿ ಮುಗಿಸಿದವರು ಅವರ ಮಾತನ್ನೂ ಹುಡುಕಿ ಕೇಳಬೇಕು ಎಂಬುದು ನನ್ನ ಕೋರಿಕೆ. 1980ರ ದಶಕದ ಆ ದೊಡ್ಡ ಪ್ರಕರಣಗಳು ವಿಷ, ಬೆಂಕಿ, ಕದ್ದಾಲಿಕೆ ಮತ್ತು ವೀಸಾ ಕುರಿತು ನಡೆದವು. ಮಕ್ಕಳಿಗೆ ಏನಾಯಿತು ಎಂಬುದು ಆ ಪಟ್ಟಿಯಲ್ಲಿ ಇರಲಿಲ್ಲ.